‘ಸ್ನಾನ ತಾನೇ ಮಾಡ್ತಾನಾ?’ ಅಂತ ಕೇಳಿದರೆ ಸಾಲದು

ಬುದ್ಧಿ ಬೆಳವಣಿಗೆ ನಿಧಾನ ಇರುವ ಮಗುವಿನ ಮನೆಗೆ ಹೋಗಿ "ಸ್ನಾನ ತಾನೇ ಮಾಡ್ತಾನಾ?" ಅಂದರೆ ಅಮ್ಮ "ಹೌದು, ಮಾಡ್ತಾನೆ" ಅನ್ನುತ್ತಾರೆ. ಸುಳ್ಳೇನಲ್ಲ. ಆದರೆ ಅಲ್ಲಿಗೇ ಬಿಡಬೇಡಿ. ಹಂಡೆಯಿಂದ ಬಿಸಿನೀರು ತೋಡಿ ಕೊಡುವವರು ಯಾರು? ತಣ್ಣೀರು ಬೆರೆಸಿ ಹದ ನೋಡುವವರು ಯಾರು? ಸೋಪು ಕಾಲಿಗೂ ಹಚ್ಚುತ್ತಾನಾ, ಹೊಟ್ಟೆಗಷ್ಟೇನಾ? "ತಲೆ ಒರೆಸ್ಕೋ" ಅಂತ ಬಚ್ಚಲ ಬಾಗಿಲಲ್ಲಿ ನಿಂತು ಎಷ್ಟು ಸಲ ಕೂಗಬೇಕು? ಮಗು ನಿಜವಾಗಿ ಎಲ್ಲಿದೆ ಅಂತ ಗೊತ್ತಾಗುವುದು ಇಂಥ ಪ್ರಶ್ನೆಗಳಿಂದ.

ನೋಡಬೇಕಾದ್ದು ಮೂರು ಕಡೆ. ಓದು, ಲೆಕ್ಕ, ದುಡ್ಡು, ಗಡಿಯಾರದ ತಿಳಿವಳಿಕೆ ಒಂದು. ಜನರ ಜೊತೆ ಒಡನಾಟ ಇನ್ನೊಂದು. ಊಟ, ಬಟ್ಟೆ, ಓಡಾಟ, ಮನೆಗೆಲಸ ಮೂರನೆಯದು. ಬೌದ್ಧಿಕ ಅಂಗವೈಕಲ್ಯ ಎಷ್ಟು ತೀವ್ರ ಅನ್ನುವುದನ್ನು ಐಕ್ಯೂ ಅಂಕದಿಂದ ಅಲ್ಲ, ಇವುಗಳಿಂದಲೇ ತೀರ್ಮಾನಿಸಬೇಕು ಅಂತ 2013ರ ಡಿಎಸ್‌ಎಂ-5, ಅಂದರೆ ಅಮೆರಿಕದ ಮನೋವೈದ್ಯರ ಸಂಘದ ಕೈಪಿಡಿ, ಹೇಳುತ್ತದೆ.

ಇಂಥ ದಿನನಿತ್ಯದ ಕೆಲಸಗಳನ್ನು ಅಳೆಯಲು ನಮ್ಮಲ್ಲಿ ಜಾಸ್ತಿ ಬಳಕೆಯಲ್ಲಿರುವ ಪರೀಕ್ಷೆ ವೈನ್‌ಲ್ಯಾಂಡ್ ಸೋಷಿಯಲ್ ಮೆಚ್ಯೂರಿಟಿ ಸ್ಕೇಲ್. ಎಡ್ಗರ್ ಡಾಲ್ ಮಾಡಿದ್ದು, ನಮ್ಮ ದೇಶಕ್ಕೆ ಹೊಂದಿಸಿದವರು ಮಾಲಿನ್. 15 ವರ್ಷದವರೆಗಿನ ಮಕ್ಕಳಿಗೆ 89 ಅಂಶಗಳಿವೆ. ಅದರಲ್ಲಿ ಸಿಕ್ಕ ಸಾಮಾಜಿಕ ವಯಸ್ಸನ್ನು (ಮಗು ಮಾಡುವ ಕೆಲಸಗಳು ಸಾಮಾನ್ಯವಾಗಿ ಯಾವ ವಯಸ್ಸಿನವರದ್ದೋ ಅದು) ನಿಜ ವಯಸ್ಸಿನಿಂದ ಭಾಗಿಸಿ 100ರಿಂದ ಗುಣಿಸುತ್ತಾರೆ, ಅಂದರೆ 10 ವರ್ಷದ ಹುಡುಗಿಗೆ ಸಾಮಾಜಿಕ ವಯಸ್ಸು 5 ಬಂದರೆ ಅಂಕ 50. ಇಲ್ಲಿ ಮುಖ್ಯವಾಗಿ ಪ್ರಶ್ನೆ ಕೇಳುವುದು ಮಗುವನ್ನಲ್ಲ, ಮಗುವನ್ನು ಚೆನ್ನಾಗಿ ಬಲ್ಲವರನ್ನು. ಹಾಗಾಗಿ ಬೈಕ್ ಇದೆ ಅನ್ನೋ ಒಂದೇ ಕಾರಣಕ್ಕೆ ಮಗುವಿನ ಜೊತೆ ಪರೀಕ್ಷೆಗೆ ಮಾವನನ್ನು ಕಳಿಸಬೇಡಿ, ದಿನವಿಡೀ ಜೊತೆಗಿರುವ ಅಜ್ಜಿ ಹೋಗಲಿ.

ಹೋಗುವ ಮೊದಲು ಒಂದು ವಾರ ಮನೆಯಲ್ಲೇ ಗಮನಿಸಿ. ನಾಲ್ಕೈದು ಕೆಲಸ ಸಾಕು. ಪ್ರತಿಯೊಂದರ ಎದುರು ಬರೆಯಿರಿ: ತಾನೇ ಮಾಡಿದ, ಹೇಳಿದ ಮೇಲೆ ಮಾಡಿದ, ತೋರಿಸಿದ ಮೇಲೆ ಮಾಡಿದ, ಕೈ ಹಿಡಿದು ಮಾಡಿಸಿದೆವು, ಮಾಡಲೇ ಇಲ್ಲ. ನೆಂಟರ ಎದುರು ಒಂದು ಸಲ ಮಾಡಿ ತೋರಿಸಿದ್ದು ಲೆಕ್ಕಕ್ಕಿಲ್ಲ, ದಿನಾ ಮಾಡುವುದಷ್ಟೇ ಲೆಕ್ಕ.

ಕಾರವಾರದ ಕಡೆ ಮೀನೂಟದ ಹೊತ್ತಿಗೆ ಸುಮ್ನೆ ಪಕ್ಕದಲ್ಲಿ ಕೂತು ನೋಡಿ. ಬಂಗಡೆಯ ನಡುಮುಳ್ಳು ಎತ್ತಿ ಬದಿಗಿಡುತ್ತಾನಾ, ಸಣ್ಣ ಮುಳ್ಳು ಬಾಯಿಗೆ ಸಿಕ್ಕರೆ ತೆಗೆಯುತ್ತಾನಾ, ಅಥವಾ ಅಕ್ಕ ಬಿಡಿಸಿ ಅನ್ನದ ಮೇಲೆ ಇಟ್ಟಿದ್ದನ್ನು ಮಾತ್ರ ತಿನ್ನುತ್ತಾನಾ? ಬೆರಳಿನ ಹಿಡಿತ, ತಾಳ್ಮೆ, ಅಪಾಯದ ಅರಿವು ಮೂರೂ ಒಂದೇ ತಟ್ಟೆಯಲ್ಲಿ ಕಾಣುತ್ತವೆ. ಪರೀಕ್ಷೆಯ ಫಾರ್ಮಿನಲ್ಲಿ ಇದರ ಪ್ರಶ್ನೆ ಇಲ್ಲದಿದ್ದರೂ ಬರೆದಿಡಿ.

ಅಂಗಡಿಗೆ ಕಳಿಸುವಾಗ ಹುಷಾರು. ಊರಿನ ಅಂಗಡಿಯವರಿಗೆ ಅವನ ಮುಖ ನೋಡಿದರೇ ಸಾಕು, ಏನು ಬೇಕು ಅಂತ ಗೊತ್ತು, ಚಿಲ್ಲರೆಯನ್ನೂ ಎಣಿಸಿ ಜೇಬಿಗೇ ಹಾಕಿ ಕಳಿಸುತ್ತಾರೆ, ಹಾಗಾದಾಗ ನೀವು ನೋಡಿದ್ದು ಅವರ ಒಳ್ಳೆತನವನ್ನು. ಗುರುತಿಲ್ಲದ ಅಂಗಡಿಯಲ್ಲಿ, ನೀವು ಸ್ವಲ್ಪ ದೂರ ನಿಂತು, ಇನ್ನೊಮ್ಮೆ ನೋಡಿ.

ಅವಕಾಶವೇ ಸಿಗದ ಕೆಲಸಗಳದ್ದು ಬೇರೆ ಕತೆ. ಶಿರಸಿ ಬದಿಯಲ್ಲಿ ಅಡಿಕೆ ತೋಟದ ನಡುವೆ ಮನೆ, ಬಸ್ಸು ಬರುವ ರಸ್ತೆ ಎಷ್ಟೋ ದೂರ. ಅಲ್ಲಿನ ಹುಡುಗಿ ಒಬ್ಬಳೇ ಬಸ್ಸು ಹತ್ತಿಲ್ಲ ಅಂದರೆ ಆಗುವುದಿಲ್ಲ ಅಂತಲ್ಲ, ಯಾರೂ ಬಿಟ್ಟಿಲ್ಲ ಅಷ್ಟೇ. "ಬಿಟ್ಟು ನೋಡಿಲ್ಲ" ಅಂತ ಬೇರೆಯಾಗಿ ಬರೆದು, ಪರೀಕ್ಷೆ ಮಾಡುವವರಿಗೂ ಅದನ್ನು ಬಾಯಿಬಿಟ್ಟು ಹೇಳಿ. ಮನೆಮಾತು ಕೊಂಕಣಿಯಾದರೆ ಮಾತಿನ ಅಂಶಗಳನ್ನು ಕೊಂಕಣಿಯಲ್ಲೇ ನೋಡಬೇಕು. ಕನ್ನಡದಲ್ಲಿ ಹೇಳಿದ್ದು ತಿಳಿಯಲಿಲ್ಲ ಅನ್ನುವುದು ಅಂಗವೈಕಲ್ಯ ಅಲ್ಲ, ಅಲ್ವಾ?

ದೊಡ್ಡ ಮಕ್ಕಳಲ್ಲಿ ಇನ್ನೊಂದು ನೋಡಿ: ಪರಿಚಯವಿಲ್ಲದವರು ಕರೆದರೆ ಹಿಂದೆ ಹೋಗುತ್ತಾರಾ, ಕೇಳಿದ ಕೂಡಲೇ ಮೊಬೈಲ್ ಕೊಟ್ಟುಬಿಡುತ್ತಾರಾ? ಬಟ್ಟೆ, ಊಟ ಎಲ್ಲ ನೀಟಾಗಿದ್ದು ಇಲ್ಲಿ ಎಡವುವವರು ಇರುತ್ತಾರೆ.

2016ರ ಅಂಗವಿಕಲರ ಹಕ್ಕುಗಳ ಕಾಯ್ದೆಯಲ್ಲಿ ಹಲವು ಸೌಲಭ್ಯಗಳಿಗೆ ಶೇ. 40 ಅಂಗವೈಕಲ್ಯ ಬೇಕು, ಅದಕ್ಕಾಗಿ ಕೆಲವರು ಬರುವುದನ್ನೂ ಬರಲ್ಲ ಅನ್ನುತ್ತಾರೆ, ಇನ್ನು ಕೆಲವರು ಮರ್ಯಾದೆಗೆ ಅಂಜಿ ಬರದ್ದನ್ನೂ ಬರುತ್ತೆ ಅನ್ನುತ್ತಾರೆ. ಎರಡರಲ್ಲೂ ಮುಂದೆ ಏನು ಕಲಿಸಬೇಕು ಅನ್ನುವುದು ತಪ್ಪಿಹೋಗುತ್ತದೆ. ವಾರದ ಹಾಳೆಗೆ ತಾರೀಕು ಹಾಕಿ ಕ್ಲಿನಿಕಲ್ ಸೈಕಾಲಜಿಸ್ಟ್ ಕೈಗೆ ಕೊಡಿ, ಒಂದು ಝೆರಾಕ್ಸ್ ಶಾಲೆಯ ಟೀಚರಿಗೆ.