ಕ್ಯಾಮೆರಾನೂ ನೀವೇ, ಎಡಿಟಿಂಗೂ ನೀವೇ ಆದರೆ

ಸಣ್ಣ ಬಜೆಟ್ಟಿನ ಸಿನಿಮಾಗಳಲ್ಲಿ ಕ್ಯಾಮೆರಾ ಹಿಡಿದವರೇ ಸಂಕಲನಕ್ಕೂ ಕೂರುವುದುಂಟು. ಹಾಗಿದ್ದರೆ ಎಡಿಟಿಂಗ್ ಕೆಲಸ ಶೂಟಿಂಗಿನ ಹಿಂದಿನ ದಿನವೇ ಶುರುವಾಗಬೇಕು.

ಮೊದಲು ಫ್ಲಿಕರ್, ಅಂದರೆ ದೀಪದ ಬೆಳಕಿನ ಮಿಡಿತ, ನೋಡಿ. ಮಲ್ಲೇಶ್ವರದ ಹಳೇ ಮನೆಯೊಂದರ ನಡುಮನೆ ಅಂದುಕೊಳ್ಳಿ: ಗೋಡೆಗೆ ಟ್ಯೂಬ್‌ಲೈಟ್, ದೇವರಮನೆಯಲ್ಲಿ ಅಗ್ಗದ ಎಲ್‌ಇಡಿ ಬಲ್ಬು. ನಮ್ಮ ಕರೆಂಟು 50 ಹರ್ಟ್ಸ್, ಆದ್ದರಿಂದ ಇಂಥ ದೀಪದ ಬೆಳಕು ಸೆಕೆಂಡಿಗೆ 100 ಸಲ ಏರಿಳಿಯುತ್ತದೆ. ಸೆಕೆಂಡಿಗೆ 24 ಫ್ರೇಮು ತೆಗೆಯುವಾಗ 180 ಡಿಗ್ರಿ ಶಟರ್ ಇಟ್ಟರೆ, ಅಂದರೆ ಪ್ರತಿ ಫ್ರೇಮಿನ ಅರ್ಧ ಹೊತ್ತು ಬೆಳಕು ಬಿಟ್ಟರೆ, ಅದು 1/48 ಸೆಕೆಂಡು. ದೀಪದ ಲೆಕ್ಕಕ್ಕೆ ಅದು ಹೊಂದುವುದಿಲ್ಲ. ಗೋಡೆಯ ಬೆಳಕು ಮೆಲ್ಲಗೆ ಮಿಡಿಯತೊಡಗುತ್ತದೆ. ಶಟರನ್ನು 172.8 ಡಿಗ್ರಿಗೆ, ಅಂದರೆ 1/50ಕ್ಕೆ ಇಡಿ. ಸ್ಲೋಮೋಷನ್ ಬೇಕಿದ್ದರೆ 60 ಬೇಡ, 50 ಫ್ರೇಮಿನಲ್ಲಿ 1/100 ಶಟರ್ ಇಟ್ಟು ತೆಗೆಯಿರಿ. ಕ್ಯಾಮೆರಾದ ಪುಟ್ಟ ಪರದೆಯನ್ನು ನಂಬಬೇಡಿ. ಒಂದು ನಿಮಿಷ ತೆಗೆದು ಲ್ಯಾಪ್‌ಟಾಪಿನಲ್ಲಿ ನೋಡಿ. ಆಮೇಲೂ ಮಿಡಿಯುವ ಬಲ್ಬನ್ನು ಮುಲಾಜಿಲ್ಲದೆ ಬಿಚ್ಚಿಬಿಡಿ. ಈ ದೋಷವನ್ನು ಆಮೇಲೆ ಪೂರ್ತಿ ಅಳಿಸುವುದು ಬಹಳ ಕಷ್ಟ.

ಇನ್ನು ಸದ್ದಿನ ವಿಷಯ. ಮನೆಯ ಫ್ರಿಜ್ ಆಫ್ ಮಾಡಿ. ಡೈಲಾಗಿನ ನಡುವೆ ಪಕ್ಕದ ಮನೆ ಕುಕ್ಕರ್ ಕೂಗಿತೇ? ಇಡೀ ಟೇಕ್ ಬಿಸಾಡುವ ಅಗತ್ಯವಿಲ್ಲ. ಕ್ಯಾಮೆರಾ ನಿಲ್ಲಿಸಿ, ಕಲಾವಿದರು ಕೂತಲ್ಲೇ ಆ ಮಾತನ್ನು ಎರಡು ಸಲ ಹೇಳಿಸಿ ರೆಕಾರ್ಡ್ ಮಾಡಿಕೊಳ್ಳಿ. ಜಾಗ ಬಿಡುವ ಮುನ್ನ ಎಲ್ಲರನ್ನೂ ಸುಮ್ಮನಿರಿಸಿ ಕೋಣೆಯ ಬರೀ ಸದ್ದನ್ನು ಒಂದು ನಿಮಿಷ ಹಿಡಿಯಿರಿ. ಮಾತು ಕತ್ತರಿಸಿದ ಕಡೆಯೆಲ್ಲ ತೇಪೆ ಹಾಕಲು ಇದೇ ಬೇಕು.

ಆಮೇಲೆ ಫೈಲುಗಳು. ಸೆಕೆಂಡಿಗೆ 400 ಮೆಗಾಬಿಟ್‌ನಲ್ಲಿ ತೆಗೆದರೆ ನಿಮಿಷಕ್ಕೆ 3 ಜಿಬಿ, ಗಂಟೆಗೆ 180 ಜಿಬಿ. ಎರಡು ಹಾರ್ಡ್‌ಡಿಸ್ಕಿಗೆ ಕಾಪಿ ಮಾಡಿ, ಒಂದು ಬೇರೆ ಮನೆಯಲ್ಲಿರಲಿ. ಎಳೆದು ಹಾಕುವ ಕಾಪಿ ಸಾಲದು, ಚೆಕ್‌ಸಮ್ (ಫೈಲಿನೊಳಗಿನ ಮಾಹಿತಿಯಿಂದ ಲೆಕ್ಕ ಹಾಕಿದ ಗುರುತಿನ ಸಂಖ್ಯೆ) ತಾಳೆ ನೋಡುವ ಸಾಫ್ಟ್‌ವೇರ್ ಬಳಸಿ: ನಡುವೆ ಕರೆಂಟು ಹೋದರೆ ಅರ್ಧಕ್ಕೆ ನಿಂತ ಫೈಲೂ ಅದೇ ಹೆಸರಿನಲ್ಲಿ ಕೂತಿರಬಹುದು. ಎರಡೂ ಕಾಪಿ ತಾಳೆಯಾಗುವವರೆಗೆ ಕಾರ್ಡ್ ಫಾರ್ಮ್ಯಾಟ್ ಮಾಡಕೂಡದು. ಕ್ಲಿಪ್ಪುಗಳ ಹೆಸರನ್ನೂ ಬದಲಿಸಬೇಡಿ. ಬದಲಿಸಿದರೆ, ಪ್ರಾಕ್ಸಿಯಲ್ಲಿ (ಎಡಿಟಿಂಗಿಗೆಂದು ಮಾಡಿಕೊಂಡ ಹಗುರ ನಕಲಿನಲ್ಲಿ) ಎಡಿಟ್ ಮುಗಿಸಿ ಮೂಲ ಫೈಲಿಗೆ ಮರಳುವಾಗ ಜೋಡಣೆ ತಪ್ಪುತ್ತದೆ.

ಸಂಭಾವನೆ ವಿಷಯದಲ್ಲಿ ಸಂಕೋಚ ಬೇಡ. ಶೂಟಿಂಗಿಗೆ ದಿನದ ಲೆಕ್ಕ, ಎಡಿಟಿಂಗಿಗೆ ಇಡೀ ಕೆಲಸದ ಲೆಕ್ಕ, ಬೇರೆಬೇರೆಯಾಗಿ ಬರೆದು ಸಹಿ ಹಾಕಿಸಿಕೊಳ್ಳಿ. ಎಷ್ಟು ಸಲ ತಿದ್ದಿಕೊಡುತ್ತೀರಿ, ಹಾರ್ಡ್‌ಡಿಸ್ಕಿನ ದುಡ್ಡು ಯಾರದು ಎಂಬುದೂ ಅದೇ ಹಾಳೆಯಲ್ಲಿರಲಿ.