ಬಾಲ್ಕನ್ ಸಿನಿಮಾ ನೋಡ್ಬೇಕಾ? ಮೊದಲು ಅದರ ಮೂಲ ಹೆಸರು ಹಿಡಿಯಿರಿ

ಬಾಲ್ಕನ್ ಅಂದರೆ ಸರ್ಬಿಯಾ, ಬೋಸ್ನಿಯಾ, ಮ್ಯಾಸಿಡೋನಿಯಾದಂಥ ದೇಶಗಳಿರುವ ಆಗ್ನೇಯ ಯುರೋಪ್. ಮ್ಯಾಸಿಡೋನಿಯಾದ ನಿರ್ದೇಶಕ ಮಿಲ್ಚೊ ಮಾಂಚೆವ್ಸ್ಕಿ ಅವರ 'ಬಿಫೋರ್ ದ ರೈನ್' 1994ರಲ್ಲಿ ವೆನಿಸ್ ಚಿತ್ರೋತ್ಸವದ ಅತ್ಯುನ್ನತ ಪ್ರಶಸ್ತಿ ಗೋಲ್ಡನ್ ಲಯನ್ ಗೆದ್ದ ಚಿತ್ರ. ಆ ಇಂಗ್ಲಿಷ್ ಹೆಸರು ಹಾಕಿ ಹುಡುಕಿದಾಗ ನನಗೆ ಸಿಕ್ಕಿದ್ದೆಲ್ಲ ಹಾಡು, ಮಳೆಯ ವಿಡಿಯೊ. ಕೊನೆಗೆ ವಿಕಿಪೀಡಿಯದಿಂದ ಮ್ಯಾಸಿಡೋನಿಯನ್ ಹೆಸರನ್ನು ಸಿರಿಲಿಕ್ ಲಿಪಿಯಲ್ಲೇ ಕಾಪಿ ಮಾಡಿ ಹಾಕಿದೆ. ತಕ್ಷಣ ಸಿಕ್ಕಿತು. ಅಂದಿನಿಂದ ನನ್ನ ಹುಡುಕಾಟ ಶುರುವಾಗೋದೇ ಮೂಲ ಹೆಸರಿನಿಂದ. ಸರ್ಬಿಯನ್ ಭಾಷೆಗೆ ಸಿರಿಲಿಕ್, ಲ್ಯಾಟಿನ್ ಎರಡೂ ಲಿಪಿ ಇವೆ. ಎರಡರಲ್ಲೂ ಹುಡುಕಿ.

ದೇಶದ ಹೆಸರಿನಲ್ಲೂ ಎಡವೋದು ಸುಲಭ. ಬೆಲ್‌ಗ್ರೇಡ್ ಈಗ ಸರ್ಬಿಯಾದ ರಾಜಧಾನಿ. ಆದರೆ 1980ರ ಬೆಲ್‌ಗ್ರೇಡ್ ಸಿನಿಮಾ ಬೇಕಿದ್ದರೆ 'ಸರ್ಬಿಯಾ' ಅಂತ ಹುಡುಕಿ ಪ್ರಯೋಜನವಿಲ್ಲ, ಅದು ಆಗಿದ್ದ, ಆಮೇಲೆ ಒಡೆದುಹೋದ ಯುಗೊಸ್ಲಾವಿಯಾ ದೇಶದ ಪಟ್ಟಿಯಲ್ಲಿರುತ್ತದೆ. ಹೊಸ ಚಿತ್ರಗಳದ್ದು ಬೇರೆ ಕಥೆ. ಅಲ್ಲಿ ಒಂದೇ ದೇಶದ ದುಡ್ಡಿನಲ್ಲಿ ಸಿನಿಮಾ ಮುಗಿಯೋದು ಕಷ್ಟ. ಬೋಸ್ನಿಯಾದ ನಿರ್ದೇಶಕಿ ಯಾಸ್ಮಿಲಾ ಜ್ಬಾನಿಚ್ ಅವರ 'ಕ್ವೊ ವಾಡಿಸ್, ಐಡಾ?' ಒಂಬತ್ತು ದೇಶಗಳು ಸೇರಿ ಮಾಡಿದ್ದು. ಇಂಥ ಬೋಸ್ನಿಯನ್ ಚಿತ್ರ ಆಸ್ಟ್ರಿಯಾ ಅಥವಾ ಫ್ರಾನ್ಸ್ ಪಟ್ಟಿಯಲ್ಲಿ ಕಂಡರೆ ಆಶ್ಚರ್ಯ ಬೇಡ.

ಹೆಸರು ಗೊತ್ತಾದ ಮೇಲೆ ಜಸ್ಟ್‌ವಾಚ್ ಅನ್ನೋ ವೆಬ್‌ಸೈಟ್‌ನಲ್ಲಿ ನೀವಿರುವ ದೇಶ ಆರಿಸಿ ನೋಡಿ. ಬಾಡಿಗೆಗೆ ಇದೆಯಾ, ಚಂದಾದಲ್ಲಿ ಬರುತ್ತಾ, ಎಲ್ಲಿ ಅಂತ ತಿಳಿಯುತ್ತದೆ. ಅಲ್ಲಿ ಇಲ್ಲ ಅಂದ ಮಾತ್ರಕ್ಕೆ ಕೈಬಿಡಬೇಡಿ. ಸಣ್ಣ ತಾಣಗಳನ್ನೂ ಒಮ್ಮೆ ನೋಡಿ. ಸಾಕ್ಷ್ಯಚಿತ್ರಕ್ಕೆ ಡಿಎ ಫಿಲ್ಮ್ಸ್ ಇದೆ, ಪ್ರಶಸ್ತಿ ಗೆದ್ದ ಚಿತ್ರಗಳಿಗೆ ಮೂಬಿ. ರೊಮೇನಿಯಾದ ಸಿನೆಪಬ್ ನನಗೆ ತುಂಬಾ ಇಷ್ಟ. ಹಕ್ಕುದಾರರ ಒಪ್ಪಿಗೆ ಪಡೆದು ರೊಮೇನಿಯನ್ ಚಿತ್ರಗಳನ್ನು ಉಚಿತವಾಗಿ ತೋರಿಸುತ್ತಾರೆ, ಎಷ್ಟೋ ಚಿತ್ರಗಳಿಗೆ ಇಂಗ್ಲಿಷ್ ಸಬ್‌ಟೈಟಲ್ ಕೂಡ ಇದೆ.

ದುಡ್ಡು ಕಟ್ಟುವ ಮೊದಲು ಸಬ್‌ಟೈಟಲ್ ಯಾವ ಭಾಷೆಯಲ್ಲಿದೆ ನೋಡಿಕೊಳ್ಳಿ. ನಾನು ಒಮ್ಮೆ ಆತುರದಲ್ಲಿ ಬಾಡಿಗೆಗೆ ತೆಗೆದುಕೊಂಡೆ. ಮದುವೆ ಊಟದ ದೃಶ್ಯದಲ್ಲಿ ಎಲ್ಲರೂ ಬಿದ್ದು ಬಿದ್ದು ನಗುತ್ತಿದ್ದಾರೆ, ನನಗೆ ಒಂದು ಮಾತೂ ಅರ್ಥವಾಗಲಿಲ್ಲ. ಬೇಜಾರಾಯ್ತು. ಟ್ರೇಲರ್‌ನಲ್ಲಿ ಸಬ್‌ಟೈಟಲ್ ಇದೆ ಅಂತ ಚಿತ್ರದಲ್ಲೂ ಇರುತ್ತೆ ಅನ್ನೋ ಹಾಗಿಲ್ಲ.

ಯೂಟ್ಯೂಬ್‌ನಲ್ಲಿ ಪೂರ್ತಿ ಸಿನಿಮಾ ಕಂಡರೆ ಮೊದಲು ಚಾನೆಲ್ ಯಾರದ್ದು ನೋಡಿ. ನಿರ್ದೇಶಕರದ್ದಾ, ನಿರ್ಮಾಣ ಸಂಸ್ಥೆಯದ್ದಾ, ಸರ್ಕಾರಿ ಟಿವಿಯದ್ದಾ? ಚಾನೆಲ್‌ಗೆ ಗುರುತೇ ಇಲ್ಲ, ಚಿತ್ರದ ಅಂಚು ಕತ್ತರಿಸಿದ್ದಾರೆ, ಮೂಲೆಯಲ್ಲಿ ಬೇರೆ ಯಾರದ್ದೋ ಲೋಗೊ ಇದೆ ಅಂದರೆ ಅದು ಕದ್ದದ್ದೇ ಇರಬೇಕು. ಕೊಸೊವೊ, ಉತ್ತರ ಮ್ಯಾಸಿಡೋನಿಯಾದಂಥ ಪುಟ್ಟ ದೇಶಗಳಲ್ಲಿ ಚಿತ್ರ ಮಾಡುವವರೇ ಕಡಿಮೆ. ನಾವು ಕೊಡುವ ಬಾಡಿಗೆ ಅವರಿಗೆ ಸಲ್ಲಬೇಕು, ಅಲ್ವಾ?

'ನಿಮ್ಮ ದೇಶದಲ್ಲಿ ಲಭ್ಯವಿಲ್ಲ' ಅಂತ ಬಂದರೆ, ನಿಮ್ಮ ದೇಶದಲ್ಲಿ ತೋರಿಸುವ ಹಕ್ಕು ಮಾರಾಟವಾಗಿಲ್ಲ, ಇಲ್ಲವೇ ಬೇರೆಯವರ ಕೈಯಲ್ಲಿದೆ ಅಂತ ಅರ್ಥ. ಆಗ ನಾನು ಟ್ರೇಲರ್ ಶುರುವಿನಲ್ಲಿ ಬರುವ ನಿರ್ಮಾಣ ಸಂಸ್ಥೆಯ ಹೆಸರು ಬರೆದುಕೊಳ್ಳುತ್ತೇನೆ. ಅವರ ವೆಬ್‌ಸೈಟ್‌ನಲ್ಲಿರುವ ವಿಳಾಸಕ್ಕೆ ಎರಡೇ ಸಾಲಿನ ಇಮೇಲ್ ಹಾಕುತ್ತೇನೆ: ನಾನು ಇಂಥ ದೇಶದಲ್ಲಿದ್ದೇನೆ, ನಿಮ್ಮ ಚಿತ್ರವನ್ನು ದುಡ್ಡು ಕೊಟ್ಟು ಎಲ್ಲಿ ನೋಡಬಹುದು?