ಫೇರ್‌ಫ್ಯಾಕ್ಸ್ ಶಾಲೆಗಳ ಕಾನೂನು ವ್ಯಾಜ್ಯಗಳು: ಹೊಸದಾಗಿ ಬಂದ ಕುಟುಂಬಗಳಿಗೆ ಮಾರ್ಗದರ್ಶಿ

ಉತ್ತರ ವರ್ಜೀನಿಯಾದ ಫೇರ್‌ಫ್ಯಾಕ್ಸ್ ಕೌಂಟಿಯಲ್ಲಿ ಮನೆ ಹಿಡಿದವರ ಕಿವಿಗೆ ಇಲ್ಲಿನ ಸರ್ಕಾರಿ ಶಾಲೆಗಳ ಕೋರ್ಟು ಕೇಸುಗಳ ಸುದ್ದಿ ಬೇಗನೆ ಬೀಳುತ್ತದೆ. ಸುಮಾರು 1,80,000 ಮಕ್ಕಳು ಓದುವ ಈ ಶಾಲಾ ಡಿಸ್ಟ್ರಿಕ್ಟಿನ ಆಡಳಿತ ಮತದಾರರು ಆರಿಸಿದ 12 ಸದಸ್ಯರ ಸ್ಕೂಲ್ ಬೋರ್ಡಿನದು. ನಮ್ಮೂರಿನ ಬಿಇಒ ಕಚೇರಿಯಂತೆ ಮೇಲಿನ ಸುತ್ತೋಲೆಗೆ ಕಾಯದೆ ಬಹಳಷ್ಟು ನಿಯಮಗಳನ್ನು ಬೋರ್ಡೇ ರೂಪಿಸುವುದರಿಂದ, ದಾವೆಗಳೂ ನೇರವಾಗಿ ಅದರ ಮೇಲೆಯೇ ಹೂಡಲ್ಪಡುತ್ತವೆ.

ನಮ್ಮವರ ನಡುವೆ ಅತಿ ಹೆಚ್ಚು ಚರ್ಚೆಗೆ ಒಳಗಾಗುವುದು ವಿಜ್ಞಾನ-ತಂತ್ರಜ್ಞಾನಕ್ಕೆಂದೇ ಇರುವ, ಮಕ್ಕಳನ್ನು ಆಯ್ದು ಸೇರಿಸಿಕೊಳ್ಳುವ ಸರ್ಕಾರಿ ಶಾಲೆಯಾದ ಥಾಮಸ್ ಜೆಫರ್ಸನ್ ಹೈಸ್ಕೂಲಿನ, ಅಂದರೆ ‘ಟಿಜೆ’ಯ ಪ್ರವೇಶದ ವಿಷಯ. 2020ರ ಅಕ್ಟೋಬರಿನಲ್ಲಿ ಬೋರ್ಡು ಪ್ರವೇಶ ಪರೀಕ್ಷೆಯನ್ನೂ 100 ಡಾಲರ್ ಅರ್ಜಿ ಶುಲ್ಕವನ್ನೂ ತೆಗೆದುಹಾಕಿ, ಡಿಸೆಂಬರಿನಲ್ಲಿ ಪ್ರತಿ ಮಿಡ್ಲ್ ಸ್ಕೂಲಿನ ಎಂಟನೇ ತರಗತಿಯ ಶೇ. 1.5ರಷ್ಟು ಸಂಖ್ಯೆಯ ಸೀಟುಗಳನ್ನು ಆಯಾ ಶಾಲೆಗೇ ಮೀಸಲಿಟ್ಟಿತು. ಮರುವರ್ಷ ಏಷ್ಯನ್ ಮೂಲದ ಮಕ್ಕಳ ಪಾಲು ಸುಮಾರು ಶೇ. 73ರಿಂದ 54ಕ್ಕೆ ಇಳಿಯಿತು. ಪೋಷಕರ ಒಂದು ಗುಂಪು ಕೋರ್ಟಿಗೆ ಹೋಯಿತು. 2022ರ ಫೆಬ್ರವರಿಯಲ್ಲಿ ಕೆಳಗಿನ ನ್ಯಾಯಾಲಯ ಬೋರ್ಡಿನ ವಿರುದ್ಧ ತೀರ್ಪಿತ್ತಿತು. ಆದರೆ 2023ರ ಮೇ ತಿಂಗಳಲ್ಲಿ ಮೇಲ್ಮನವಿ ನ್ಯಾಯಾಲಯ, ಅರ್ಜಿದಾರರಲ್ಲಿ ಶೇ. 48ರಷ್ಟಿದ್ದ ಏಷ್ಯನ್ ಮಕ್ಕಳು ಸೀಟುಗಳಲ್ಲಿ ಶೇ. 54ರಷ್ಟನ್ನು ಪಡೆದಿರುವಾಗ ಅವರಿಗೆ ಅನ್ಯಾಯವಾಗಿದೆ ಎನ್ನಲಾಗದು ಎಂದು ಆ ತೀರ್ಪನ್ನು ತಳ್ಳಿಹಾಕಿತು. 2024ರ ಫೆಬ್ರವರಿಯಲ್ಲಿ ಸುಪ್ರೀಂ ಕೋರ್ಟು, ಇಬ್ಬರು ನ್ಯಾಯಮೂರ್ತಿಗಳ ಭಿನ್ನಮತದ ನಡುವೆ, ಪ್ರಕರಣವನ್ನು ಕೈಗೆತ್ತಿಕೊಳ್ಳಲು ನಿರಾಕರಿಸಿತು. 2025ರ ಮೇ ತಿಂಗಳಲ್ಲಿ ಕೇಂದ್ರ ಶಿಕ್ಷಣ ಇಲಾಖೆ ಇದೇ ನೀತಿಯ ಮೇಲೆ ತನಿಖೆ ಆರಂಭಿಸಿತು.

ಇಷ್ಟು ವಿವರ ಕೊಡಲು ಕಾರಣವಿದೆ. ‘ಟಿಜೆ ರೂಲ್ ಹೋಯಿತಂತೆ’ ಎಂಬ 2022ರ ಸುದ್ದಿಯೇ ಈಗಲೂ ಗುಂಪುಗಳಲ್ಲಿ ಫಾರ್ವರ್ಡ್ ಆಗುತ್ತಿರುತ್ತದೆ. ಅದನ್ನು ನಂಬಿ ಪರೀಕ್ಷೆಯ ಕೋಚಿಂಗಿಗೆ ದುಡ್ಡು ಸುರಿಯುವ, ಇಲ್ಲವೇ ಸೀಟು ಸುಲಭವೆಂದು ಯಾವುದೋ ಮಿಡ್ಲ್ ಸ್ಕೂಲಿನ ವ್ಯಾಪ್ತಿಯಲ್ಲಿ ಮನೆ ಕೊಳ್ಳುವ ಮೊದಲು, ಆ ವರ್ಷದ ಪ್ರವೇಶ ಪ್ರಕಟಣೆಯನ್ನು ಶಾಲೆಯ ಜಾಲತಾಣದಲ್ಲಿಯೇ ಓದಬೇಕು. ಸರಿ ಯಾರದು ಎಂಬುದನ್ನು ಈ ಮಾರ್ಗದರ್ಶಿ ಹೇಳುವುದಿಲ್ಲ. ಏಷ್ಯನ್ ಮೂಲದವರು ಎರಡೂ ಪಾಳಯಗಳಲ್ಲಿ ಇದ್ದಾರೆ.

ದಾಖಲಾತಿಯ ವಿಷಯದಲ್ಲಿ ಹಳೆಯ ಎರಡು ತೀರ್ಪುಗಳು ನಿಮ್ಮ ಬೆನ್ನಿಗಿವೆ. ಟೆಕ್ಸಸಿನ ಒಂದು ಶಾಲಾ ಡಿಸ್ಟ್ರಿಕ್ಟಿನ ಪ್ರಕರಣದಲ್ಲಿ ಸುಪ್ರೀಂ ಕೋರ್ಟು 1982ರಲ್ಲಿ ಹೇಳಿದಂತೆ, ವಲಸೆ ದಾಖಲೆಗಳಿಲ್ಲವೆಂಬ ಕಾರಣಕ್ಕೆ ಮಗುವಿಗೆ ಉಚಿತ ಶಿಕ್ಷಣವನ್ನು ನಿರಾಕರಿಸುವಂತಿಲ್ಲ. ಆದ್ದರಿಂದ ವೀಸಾ ಸ್ಟಾಂಪಿಂಗ್ ತಡವಾಯಿತೆಂದು ಶಾಲೆಗೆ ಸೇರಿಸುವುದನ್ನು ಮುಂದೂಡಬೇಡಿ. ಆದರೆ ವಾಸಸ್ಥಳದ ಪುರಾವೆ ಕಡ್ಡಾಯ. ಸ್ನೇಹಿತರ ಮನೆಯಲ್ಲಿದ್ದರೆ ಅವರಿಂದ ಪ್ರಮಾಣಪತ್ರ ಬರೆಸಿಕೊಳ್ಳಿ. ಒಳ್ಳೆಯ ಶಾಲೆಗಾಗಿ ಸುಳ್ಳು ವಿಳಾಸ ಕೊಡುವುದು ವರ್ಜೀನಿಯಾದಲ್ಲಿ ಅಪರಾಧ. 1974ರ ಸ್ಯಾನ್ ಫ್ರಾನ್ಸಿಸ್ಕೋ ಪ್ರಕರಣದ ನಂತರ ಇಂಗ್ಲಿಷ್ ಬಾರದ ಮಕ್ಕಳಿಗೆ ನೆರವು ನೀಡುವುದು ಶಾಲೆಗಳ ಹೊಣೆಯಾಗಿದೆ. ಮನೆಮಾತು ಯಾವುದೆಂದು ಕೇಳುವ ಫಾರಂನಲ್ಲಿ ‘ಕನ್ನಡ’ ಎಂದು ಬರೆದರೆ ಮಗು ಹಿಂದೆ ಬೀಳುತ್ತದೆಂದು ಅಂಜಿ ‘ಇಂಗ್ಲಿಷ್’ ಎಂದು ತುಂಬುವವರಿದ್ದಾರೆ. ಅದು ಅನಗತ್ಯ. ಒಂದು ಪರೀಕ್ಷೆ ಮಾಡುತ್ತಾರೆ, ಇಂಗ್ಲಿಷ್ ಚೆನ್ನಾಗಿ ಬಂದರೆ ಅಲ್ಲಿಗೆ ಮುಗಿಯಿತು.

ವಿಶೇಷ ಅಗತ್ಯವುಳ್ಳ ಮಕ್ಕಳಿಗೆ ಕೋವಿಡ್ ಕಾಲದಲ್ಲಿ ಸಲ್ಲಬೇಕಾದ ಸೇವೆ ಸಲ್ಲಲಿಲ್ಲವೆಂದು ಕೇಂದ್ರ ಇಲಾಖೆ ಕಂಡುಕೊಂಡದ್ದರಿಂದ, ನಷ್ಟ ತುಂಬಿಕೊಡುವ ಒಪ್ಪಂದಕ್ಕೆ ಡಿಸ್ಟ್ರಿಕ್ಟು 2022ರ ನವೆಂಬರಿನಲ್ಲಿ ಸಹಿ ಹಾಕಬೇಕಾಯಿತು. ನಿಮ್ಮ ಮಗುವಿನ ಕಲಿಕೆಯ ಬಗ್ಗೆ ಸಂಶಯವಿದ್ದರೆ ಟೀಚರ ಬಳಿ ಬಾಯಿಮಾತಿನಲ್ಲಿ ಹೇಳಿ ಸುಮ್ಮನಾಗದೆ, ಮೌಲ್ಯಮಾಪನ ಬೇಕೆಂದು ಈಮೇಲಿನಲ್ಲಿ ಕೇಳಿ. ಆ ಕೋರಿಕೆ ತಲುಪಿದ ದಿನದಿಂದ 65 ಕೆಲಸದ ದಿನಗಳೊಳಗೆ ವಿಶೇಷ ಶಿಕ್ಷಣಕ್ಕೆ ಅರ್ಹತೆಯ ನಿರ್ಧಾರವಾಗಬೇಕು. ಸಭೆಯಲ್ಲಿ ಐಇಪಿ (ಮಗುವಿಗಾಗಿ ರೂಪಿಸುವ ವೈಯಕ್ತಿಕ ಶಿಕ್ಷಣ ಯೋಜನೆ) ಪತ್ರವನ್ನು ಮುಂದಿಟ್ಟಾಗ ಅಲ್ಲಿಯೇ ಸಹಿ ಮಾಡಬೇಕಾಗಿಲ್ಲ, ಮನೆಗೆ ತಂದು ಓದಿ ನಿಧಾನವಾಗಿ ಉತ್ತರಿಸಬಹುದು.